ಕೊಕ್ಕೆಯ ಕೆಳಗಿನ ಮಧ್ಯಾಹ್ನ

ಹೊಸ್ತಿಲ ಮೇಲೆ ಅಂಗೈಯಗಲದ ಬಿಸಿಲೊಂದು ಬಿದ್ದಿತ್ತು. ಅದರ ಒಂದು ಅಂಚು ಹಿತ್ತಾಳೆ ಚೊಂಬಿನ ಕಂಠವನ್ನು ಮುಟ್ಟಿ ಅಲ್ಲಿಯೇ ತಂಗಿತ್ತು. ಇನ್ನೊಂದು ಅಂಚು ಅತಿಥಿಯ ಚಪ್ಪಲಿಯ ಸವೆದ ಹಿಮ್ಮಡಿಯವರೆಗೆ ಬಂದು, ಮುಂದೆ ಹೋಗಲೋ ಬೇಡವೋ ಎಂಬಂತೆ ನಿಂತಿತ್ತು. ನಡುಮನೆಯ ಚಾಪೆಯ ಬಳಿ ಇಟ್ಟ ಕಾಫಿ ಲೋಟದಿಂದ ಎದ್ದ ಹಬೆ ಒಂದು ಗೇಣು ಮೇಲೇರಿ, ಯಾರೋ ಹಿಡಿದು ಬಿಟ್ಟ ಬಿಳಿ ದಾರದ ಹಾಗೆ ಸೊಟ್ಟಗೆ ನಿಂತಿತ್ತು. ಬೀದಿಯಾಚೆಯ ಬೇವಿನ ಮರದಿಂದ ಕಳಚಿದ ಹಣ್ಣೆಲೆಯೊಂದು ನೆಲ ಇನ್ನೂ ಮೊಳ ದೂರವಿರುವಾಗ ಬೀಳುವುದನ್ನೇ ಮರೆತಿತ್ತು. ಬಾಗಿಲ ಚೌಕಟ್ಟಿನ ಬಲಗಡೆ, ಅಕ್ಕನ ತೋರುಬೆರಳು ಎಳೆದ ಸುಣ್ಣದ ಕೊಕ್ಕೆ ಹಸಿಯಾಗಿಯೇ ಇತ್ತು. ಅದು ಒಣಗಲಿಲ್ಲ. ಒಣಗುವುದಕ್ಕೂ ಹೊತ್ತು ಬೇಕು.

ಮನೆಗೆ ಬಂದವರನ್ನು ಕೂರಿಸಿ, ನೀರು ಬೆಲ್ಲ ಕೊಟ್ಟು, ಚೌಕಟ್ಟಿಗೆ ಕೊಕ್ಕೆ ಬರೆಯುವುದು ನಮ್ಮೂರಿನ ವಾಡಿಕೆ. ಬಂದವರು ಒಂದು ಕತೆ ತೆಗೆಯುತ್ತಾರೆ. ಅದು ಮುಗಿಯುವ ತನಕ ಆ ಬೀದಿಯ ಹೊತ್ತು ಕೊಕ್ಕೆಗೆ ತಗುಲಿಕೊಂಡಿರುತ್ತದೆ. ಹೊತ್ತು ನಿಲ್ಲುತ್ತದೆ, ಜನ ನಿಲ್ಲುವುದಿಲ್ಲ. ಓಡಾಡಬಹುದು, ಮಾತಾಡಬಹುದು, ಜಗಳವನ್ನೂ ಆಡಬಹುದು. ಆದರೆ ಹೆಪ್ಪು ಹಾಕಿದ ಹಾಲು ಮೊಸರಾಗುವುದಿಲ್ಲ, ಶಾಲೆಯ ಗಂಟೆ ಬಾರಿಸುವುದಿಲ್ಲ, ಹೊಳೆಯಾಚೆಗೆ ಹೋಗುವ ಸಂಜೆಯ ದೋಣಿ ಬರುವುದಿಲ್ಲ. ಮರ್ಯಾದಸ್ಥ ಅತಿಥಿ ಎರಡನೆಯ ಲೋಟ ಕಾಫಿಯೊಳಗೆ ಕತೆ ಮುಗಿಸಿ ಎದ್ದುಬಿಡುತ್ತಾನೆ. ಹೆಂಗಸರು ಬೀದಿಗಿಳಿದು, ‘ಯಾರ ಮನೆಗೆ ನೆಂಟರು? ಕತೆ ಉದ್ದದ್ದೋ ಗಿಡ್ಡದ್ದೋ?’ ಎಂದು ವಿಚಾರಿಸಿಕೊಂಡು, ಅದಕ್ಕೆ ತಕ್ಕಂತೆ ಒಲೆ ಹಚ್ಚುತ್ತಾರೆ.

ಬೇರೆ ಗುರುತುಗಳೂ ಇದ್ದವು. ಕ್ಷೌರದಂಗಡಿಯ ಬೆಂಚಿನ ಮೇಲೆ ಮಡಿಕೆ ಬರೆದಿರುತ್ತಿತ್ತು. ಅದರ ಕೆಳಗೆ ಕೂತವರಿಗೆ ಕಾಯುವ ಹೊತ್ತು ಸೀರೆಯ ನೆರಿಗೆಯಂತೆ ಮಡಿಚಿಕೊಂಡು, ಕೂತ ಕೂಡಲೇ ಸರದಿ ಬರುತ್ತಿತ್ತು. ಆದರೆ ಅಲ್ಲಿ ಹೇಳಿದ ಕತೆಗಳಿಗೆ ನಡುವೆಂಬುದಿರಲಿಲ್ಲ. ಹೆಣ್ಣು ನೋಡಲು ಹೋದವನು ಮರುಮಾತಿನಲ್ಲಿ ಮೊಮ್ಮಗುವನ್ನು ತೂಗುತ್ತಿದ್ದ. ಇನ್ನೊಂದು ತೂಬು. ಕೆರೆಗೆ ತೂಬು ಹೇಗೋ ಹಾಗೆ, ಕೊಕ್ಕೆಯ ಕೆಳಗೆ ಅದನ್ನು ಬರೆದರೆ ಕಟ್ಟಿಕೊಂಡ ಹೊತ್ತು ಹರಿದುಹೋಗುತ್ತದೆ. ಕತೆ ಅಲ್ಲಿಗೇ ಕಡಿದು, ಹೇಳಿದವರಿಗೂ ಕೇಳಿದವರಿಗೂ ಗಂಟಲ ಮುಳ್ಳಾಗಿ ಉಳಿಯುತ್ತದೆ; ಆ ಅತಿಥಿ ಮತ್ತೆ ಆ ಹೊಸ್ತಿಲು ತುಳಿಯುವಂತಿಲ್ಲ. ‘ತೂಬು ಎಳೆದರಂತೆ’ ಎಂಬುದು ನಮ್ಮಲ್ಲಿ ದೊಡ್ಡ ಅವಮಾನದ ಮಾತು.

ಕೊಕ್ಕೆಯ ಕೆಳಗೆ ಮುಗಿದ ಕತೆ ಹೊಸ್ತಿಲ ಒಳಗಿದ್ದವರ ಪಾಲಿಗೆ ನಡೆದ ಸಂಗತಿಯೇ ಆಗಿಬಿಡುತ್ತದೆ. ಆದ್ದರಿಂದ ಮನೆಯವರಲ್ಲಿ ಒಬ್ಬರು ಜಗುಲಿಯ ಮೇಲೆ ಉಳಿಯಬೇಕು. ಆ ಮನೆಯಲ್ಲಿ ಮೊದಲಿನದು ಅವರೊಬ್ಬರಿಗೆ ನೆನಪಿರುತ್ತದೆ. ನೆನಪಿರಬೇಕು, ಆಡಬಾರದು. ಕಾಫಿ ಹೋಟೆಲಿನ ರುದ್ರಪ್ಪನೂ ಅವನ ಅಣ್ಣನೂ ಒಂದು ಬಾವಿಗಾಗಿ ಮಾತು ಬಿಟ್ಟವರು. ಅವರ ಸೋದರಮಾವ ಬಂದು, ಅಜ್ಜ ಸಾಯುವಾಗ ಬಾವಿಯನ್ನು ಇಬ್ಬರಿಗೂ ಬಿಟ್ಟ ಕತೆ ಹೇಳಿ ಮುಗಿಸಿದ. ಈಗ ಇಬ್ಬರಿಗೂ ಅಜ್ಜ ಹಾಗೆಂದದ್ದನ್ನು ಕಿವಿಯಾರೆ ಕೇಳಿದ ನೆನಪು. ಅಂದು ಜಗುಲಿಯಲ್ಲಿದ್ದ ರುದ್ರಪ್ಪನ ಹೆಂಡತಿ ಮಾತ್ರ ಆ ಬಾವಿಗೆ ಕೊಡ ಇಳಿಸಿದಾಗಲೆಲ್ಲ ತನ್ನಷ್ಟಕ್ಕೆ ನಗುತ್ತಾಳೆ. ಬಾಯಿಯ ಈ ಕಟ್ಟು, ಒಳಗಿದ್ದವರಲ್ಲಿ ಕೊನೆಯವರು ಇರುವ ತನಕ. ನಾನು ಹೇಳುತ್ತಿರುವ ಮಧ್ಯಾಹ್ನದ ಒಳಗಿದ್ದವರು ಇಬ್ಬರೂ ಈಗ ಇಲ್ಲ.

ನಮ್ಮದು ಸುಣ್ಣದ ಮನೆ. ಹೊಳೆಯ ಚಿಪ್ಪನ್ನು ಹಿತ್ತಲಿನ ಗೂಡಿನಲ್ಲಿ ಸುಟ್ಟು ಸುಣ್ಣ ಮಾಡುವುದು ಕುಲಕಸುಬು; ಊರಿನ ಗುರುತುಗಳೆಲ್ಲ ನಮ್ಮ ಸುಣ್ಣದಿಂದಲೇ ಮೂಡುತ್ತಿದ್ದವು. ನಾನು ಓದಿ ಶಾಲೆಯ ಮೇಷ್ಟ್ರಾದೆ. ಗೂಡು ಅಕ್ಕನ ಪಾಲಿಗೆ ಉಳಿಯಿತು. ದೇವೀರಕ್ಕ ಮದುವೆಯಾಗಲಿಲ್ಲ. ಯಾಕೆಂದು ಕೇಳಿದವರಿಗೆ, ‘ಸುಣ್ಣದ ಕೈ, ಯಾರನ್ನ ಮುಟ್ಟಿದರೂ ಉರಿಯುತ್ತೆ’ ಎಂದು ನಕ್ಕುಬಿಡುತ್ತಿದ್ದಳು.

ಆ ಮಧ್ಯಾಹ್ನ ನಾನು ಜಗುಲಿಯ ಮೇಲೆ ಒರಗಿದ್ದಾಗ, ಕೊಡೆಯನ್ನು ಕೋಲಿನಂತೆ ಊರಿಕೊಂಡು ಒಬ್ಬ ಮುದುಕರು ಬಂದು ನಿಂತರು. ಉದ್ದನೆಯ ಕೋಟು, ಕೊರಳಲ್ಲಿ ಮಡಿಚಿದ ಅಂಗವಸ್ತ್ರ.

‘ದೇವೀರಮ್ಮನವರ ಮನೆ ಇದೇನಾ?’

‘ಇದೇ. ತಾವು ಯಾರು ಅಂತ ಗೊತ್ತಾಗಲಿಲ್ಲ.’

ನನ್ನ ಮಾತು ಮುಗಿಯುವ ಮೊದಲೇ ಒಳಗಿನಿಂದ ಅಕ್ಕನ ದನಿ ಬಂತು. ‘ಸುಣ್ಣದ ದೋಣಿ ತಿಮ್ಮರಸಯ್ಯನವರು ಕಣೋ, ಲೋಕ. ಬಾಗಿಲಲ್ಲಿ ನಿಲ್ಲಿಸಿಕೊಂಡು ವಿಚಾರಣೆ ಮಾಡ್ತೀಯಲ್ಲ, ಇದೇನು ನಿನ್ನ ಸ್ಕೂಲಾ?’

ಒಂದು ಆಯುಷ್ಯ ಕಳೆದ ಮೇಲೂ ದನಿಯಿಂದಲೇ ಗುರುತು ಹಿಡಿದಿದ್ದಳು. ಕೈಯೊರಸಿಕೊಳ್ಳುತ್ತ ಹೊರಬಂದವಳ ಮುಖದಲ್ಲಿ ಅಚ್ಚರಿಯಿರಲಿಲ್ಲ. ಅವರನ್ನು ಒಳಗೆ ಕೂರಿಸಿ, ನೀರು ಬೆಲ್ಲ ಕೊಟ್ಟು, ಕಾಫಿ ತಂದಿಟ್ಟು, ಬಾಗಿಲ ಪಕ್ಕದ ಸುಣ್ಣದ ಬೋಗುಣಿಯಲ್ಲಿ ಬೆರಳದ್ದಿ ಕೊಕ್ಕೆ ಬರೆದಳು. ಅದರ ಬಾಲವನ್ನು ವಾಡಿಕೆಗಿಂತ ತುಸು ಉದ್ದವಾಗಿಯೇ ಎಳೆದಳೆಂದು ನನಗೆ ಕಂಡಿತು.

ತಿಮ್ಮರಸಯ್ಯನವರು ಹರೆಯದಲ್ಲಿ ನಮ್ಮ ಸುಣ್ಣವನ್ನು ದೋಣಿಯಲ್ಲಿ ತುಂಬಿಕೊಂಡು ಕೆಳಗಿನೂರುಗಳಿಗೆ ಒಯ್ಯುತ್ತಿದ್ದವರು. ಅವರೂ ಅಕ್ಕನೂ ಮನೆಯವರಿಗೆ ತಿಳಿಸದೆ, ಒಂದು ಬೆಳಗಿನ ಜಾವ ದೋಣಿ ಕಟ್ಟುವ ಕಡವಿನಲ್ಲಿ ಸೇರಿ ಹೊಳೆ ದಾಟಿ ಮದುವೆಯಾಗುವುದೆಂದು ಮಾತಾಗಿತ್ತು. ನನಗಾಗ ಮೀಸೆ ಮೂಡುತ್ತಿದ್ದ ವಯಸ್ಸು. ಅಕ್ಕನ ಬಟ್ಟೆಯ ಗಂಟನ್ನು ಹೊತ್ತು ಅವಳ ಹಿಂದೆ ಹೋದವನು ನಾನು. ಅಂದಿಗೆಂದು ಅವಳು ಒಂದು ಅರಿಶಿನ ಬಣ್ಣದ ಸೀರೆಯನ್ನು ನನ್ನ ಕೈಯಲ್ಲೇ ಗುಟ್ಟಾಗಿ ತರಿಸಿದ್ದಳು. ಉಟ್ಟದ್ದು ಕಡವಿನ ದಾರಿಯ ಮಂಟಪದ ಮರೆಯಲ್ಲಿ, ಕತ್ತಲೆ ಹರಿಯುವ ಮುಂಚೆ. ಕಡವಿನ ಚಪ್ಪಡಿಕಲ್ಲಿನ ಮೇಲೆ ಕೂತಳು. ದೋಣಿಗಳು ಬಂದವು, ಹೋದವು. ನೀರಿನ ಮೇಲಿನ ಬೆಳಕು ಬಿಳಿಯಾಗಿ, ಹಳದಿಯಾಗಿ, ಕೆಂಪಾಗಿ ಬೂದಿಯಾಯಿತು. ಸೀರೆಯ ಅಂಚು ಹೊಳೆಯ ಕೆಸರಿನಲ್ಲಿ ನೆನೆಯುತ್ತಿದ್ದುದು ಅವಳಿಗೆ ಗೊತ್ತಾಗಲಿಲ್ಲ. ದೀಪ ಹಚ್ಚುವ ಹೊತ್ತಿಗೆ ಎದ್ದು, ‘ನಡಿ’ ಎಂದಳು. ಹಿಂದಿರುಗುವ ದಾರಿಯಲ್ಲಿ ಬೇರೆ ಮಾತಿಲ್ಲ. ಮುಂದೆಯೂ ಆ ಮಾತು ನಮ್ಮ ಮನೆಯಲ್ಲಿ ಬರಲಿಲ್ಲ. ತಿಮ್ಮರಸಯ್ಯನವರು ಆಚೆ ದಡದಲ್ಲೆಲ್ಲೋ ಮದುವೆಯಾಗಿ ನೆಲೆಸಿದರೆಂದು ಆಮೇಲೆ ಕೇಳಿದೆವು.

ಈಗ ಅವರು ನಡುಮನೆಯ ಚಾಪೆಯ ಮೇಲೆ ಕೂತಿದ್ದರು. ಅಕ್ಕ ಕಂಬಕ್ಕೊರಗಿ ಎದುರಿಗೆ. ನಾನು ಜಗುಲಿಯಲ್ಲಿ, ತೆರೆದ ಬಾಗಿಲ ಪಕ್ಕದಲ್ಲಿ.

‘ಒಂದೂರಲ್ಲಿ ಒಬ್ಬ ದೋಣಿಯವನಿದ್ದ’ ಎಂದು ಅವರು ತೆಗೆದರು.

‘ಹೂಂ’ ಎಂದಳು ಅಕ್ಕ. ಹೂಂಗುಟ್ಟುವವರಿಲ್ಲದೆ ಕತೆ ಮುಂದೆ ಹೋಗದು.

‘ಒಂದು ಬೆಳಗ್ಗೆ ಅವನು ಒಬ್ಬಳನ್ನ ಕರಕೊಂಡು ಹೊಳೆ ದಾಟಬೇಕಾಗಿತ್ತು.’

‘ಹೂಂ.’

‘ಕಡವಿನ ಕಡೆ ಹೊರಟ.’

ಹೊರಟವನು ತಲುಪಲಿಲ್ಲ. ದಾರಿಯಲ್ಲಿ ಮಲ್ಲಿಗೆಯವಳು ಸಿಕ್ಕಳು. ಮಲ್ಲಿಗೆಯವಳ ತವರಿನ ಸಂಗತಿ ಬಂತು. ಪೇಟ ಸಡಿಲವಾಯಿತು, ಪೇಟ ಸುತ್ತುವ ಬಗೆಗಳೆಲ್ಲ ಬಂದವು. ಕಾಲಿಗೆ ಮುಳ್ಳು ಹೊಕ್ಕಿತು. ಅದನ್ನು ತೆಗೆದುಕೊಟ್ಟ ದನಗಾಹಿಯ ವಂಶಾವಳಿ ಬಂತು. ಕಡವಿನ ಗಾಳಿ ಮೂಗಿಗೆ ತಾಗುವಷ್ಟು ಹತ್ತಿರ ಬಂದಾಗಲೆಲ್ಲ ದೋಣಿಯವನು ಏನನ್ನೋ ನೆನೆಸಿಕೊಂಡು ನಾಲ್ಕು ಹೆಜ್ಜೆ ಹಿಂದಕ್ಕೆ ಹೋಗುತ್ತಿದ್ದ. ಅಕ್ಕನಿಗೆ ಅವಸರವಿರಲಿಲ್ಲ. ಆರದ ಕಾಫಿಯನ್ನು ಮುಂದೆ ಸರಿಸಿ, ‘ಹೂಂ, ಆಮೇಲೆ?’ ಎನ್ನುತ್ತಿದ್ದಳು. ಅವಳ ಮುಖದ ಮೇಲೆ ನಾನು ಎಂದೂ ಕಾಣದಿದ್ದ ಒಂದು ನಿರಾಳವಿತ್ತು. ಕತೆ ಮುಗಿದರೆ ಅವಳು ಬಾಳೆಲ್ಲ ಬೇಕೆಂದುಕೊಂಡಿದ್ದ ಉತ್ತರ ಸಿಗುತ್ತಿತ್ತು. ಮುಗಿಯದಿದ್ದರೆ ಈ ಮಧ್ಯಾಹ್ನವೇ ಸಿಗುತ್ತಿತ್ತು. ಎರಡರಲ್ಲಿ ಯಾವುದು ಹೆಚ್ಚೆಂದು ಅವಳು ಇನ್ನೂ ತೂಗಿ ನೋಡಿರಲಿಲ್ಲವೇನೋ.

ಮೊದಲು ಬಂದವನು ರುದ್ರಪ್ಪ. ಕೈಯಲ್ಲಿ ಜಾಲರಿ ಸೌಟು ಹಾಗೆಯೇ ಇತ್ತು.

‘ಮೇಷ್ಟ್ರೇ, ಬಾಣಲೇಲಿ ಬೋಂಡ ಬಿಟ್ಟಿದೀನಿ. ಅತ್ಲಾಗೆ ಬೇಯಲೂ ಇಲ್ಲ, ಇತ್ಲಾಗೆ ಹಸೀನೂ ಅಲ್ಲ. ನಿಮ್ಮ ನೆಂಟರ ಕತೆ ಥರಾನೇ ಆಗಿದೆ.’

‘ಇನ್ನೇನು ಕಡವಿನ ಹತ್ತಿರ ಬಂದ್ರು ರುದ್ರಪ್ಪ.’

‘ಆಗಿಂದ ಅಲ್ಲೇ ಅವ್ರೆ ಬಿಡಿ. ನಡಕೊಂಡು ಹೋಗೋ ಬದಲು ಎತ್ತಿನ ಗಾಡಿ ಹತ್ತಿಸಬಾರದಾಗಿತ್ತಾ ಆ ದೋಣಿಯವನನ್ನ?’ ಎಂದು, ಗಾಳಿಯಲ್ಲಿ ನಿಂತಿದ್ದ ಬೇವಿನೆಲೆಯನ್ನು ಸೌಟಿನಿಂದ ತಟ್ಟಿ ನೋಡಿ, ಅದು ಕದಲದಿರಲು ನಗುತ್ತ ಹೊರಟುಹೋದ.

ಅವನ ಬೆನ್ನಿಗೇ ಪಕ್ಕದ ಮನೆಯ ಕಾಳಮ್ಮ ಬಂದಳು. ಅವಳು ನಗುತ್ತಿರಲಿಲ್ಲ. ಅವಳ ಸೊಸೆ ಸುಗುಣ ತುಂಬುಬಸುರಿ ಎಂಬುದು ಬೀದಿಗೆಲ್ಲ ಗೊತ್ತಿತ್ತು.

‘ಮೇಷ್ಟ್ರೇ, ನಮ್ಮ ಹುಡುಗಿಗೆ ನೋವು ಬಂದದೆ. ಬಂದು ನಿಂತುಬಿಟ್ಟದೆ. ಏರೋದಿಲ್ಲ, ಇಳಿಯೋದಿಲ್ಲ. ಎಲ್ಲಿ ಕಚ್ಚಿ ಹಿಡಕೊಂಡಿತ್ತೋ ಅಲ್ಲೇ ಕಚ್ಚಿ ಹಿಡಕೊಂಡದೆ. ಹೊತ್ತು ನಡೆಯದೆ ನಾನೇನು ಮಾಡಲಿ ಅಂತ ಸೂಲಗಿತ್ತಿ ಕೈಚೆಲ್ಲಿ ಕೂತವ್ಳೆ.’

‘ಯಾವಾಗ ಬಂತು ನೋವು?’

‘ನಿಮ್ಮ ಅಕ್ಕ ಬೆರಳದ್ದುವಾಗಲೇ. ಕತೆ ಮುಗೀತದೆ ಮುಗೀತದೆ ಅಂತ ಹಲ್ಲು ಕಚ್ಚಿಕೊಂಡವ್ಳೆ ಹುಡುಗಿ. ತೂಬು ಎಳೀರಿ ಮೇಷ್ಟ್ರೇ. ಮರ್ಯಾದೆ ಗಿರ್ಯಾದೆ ಆಮೇಲೆ ನೋಡ್ಕೊಳ್ಳಾಣ.’

‘ಕಾಳಮ್ಮ, ಅದು...’

‘ಗೊತ್ತು, ಏನು ಅಂತ ಗೊತ್ತು. ನನ್ನ ಗಂಡ ಸತ್ತ ದಿನಾನೂ ಈ ಬೀದಿಯಲ್ಲಿ ಯಾರೂ ತೂಬು ಎಳೆದಿಲ್ಲ. ನಾನೂ ಕೇಳಲಿಲ್ಲ. ಇವತ್ತು ಕೇಳ್ತಿದೀನಿ.’

ಅವಳು ದನಿ ಏರಿಸಲಿಲ್ಲ. ತೆರೆದ ಬಾಗಿಲಿನಿಂದ ಆ ಮಾತು ಒಳಗೆ ಕೇಳಿಸಿಯೇ ಇರಬೇಕು. ಗೋಡೆಯಾಚೆಯಿಂದ ನರಳುವಿಕೆ ಬರುತ್ತಿತ್ತು. ಒಂದೇ ಎತ್ತರದಲ್ಲಿ, ಏರಿಳಿತವಿಲ್ಲದೆ, ತಂತಿಯ ಮೇಲೆ ಬಿಲ್ಲನ್ನು ಎಳೆಯುತ್ತಲೇ ಇದ್ದಂತೆ. ನಾನು ಎದ್ದು ಸುಣ್ಣದ ಬೋಗುಣಿಯಲ್ಲಿ ಬೆರಳದ್ದಿದೆ. ಕೊಕ್ಕೆಯ ಕೆಳಗೆ ಬೆರಳನ್ನು ಹಿಡಿದೆ. ಒಂದು ಗೆರೆ ಎಳೆದರೆ ಸುಗುಣ ಹೆರುತ್ತಿದ್ದಳು, ಅಕ್ಕ ಈ ಕತೆಯ ಕೊನೆಯನ್ನು ಎಂದೆಂದಿಗೂ ಕೇಳುತ್ತಿರಲಿಲ್ಲ.

ಒಳಗೆ ತಿಮ್ಮರಸಯ್ಯನವರೂ ಕೇಳಿಸಿಕೊಂಡಿದ್ದರು. ಅವರ ಮಾತು ಒಮ್ಮೆಲೇ ಅವಸರಕ್ಕೆ ಬಿತ್ತು. ‘ಕಡವು ಬಂತು. ಅವನು ಅತ್ತಿಮರದ ಹಿಂದೆ ನಿಂತುಕೊಂಡ. ಅಲ್ಲಿಂದ ಚಪ್ಪಡಿಕಲ್ಲು ಕಾಣ್ತಿತ್ತು. ಕಲ್ಲಿನ ಮೇಲೆ ಅರಿಶಿನದ ಬಣ್ಣದ ಸೀರೆ...’

ಅಲ್ಲಿಗೆ ನಿಲ್ಲಿಸಿದರು.

ಅಕ್ಕನಿಂದ ಹೂಂ ಬರಲಿಲ್ಲ.

ಆ ಸೀರೆಯನ್ನು ತಂದವನು ನಾನು. ಉಟ್ಟವಳು ಅವಳು, ಆ ಒಂದು ಹಗಲು ಮಾತ್ರ. ಅದರ ಬಣ್ಣ ಇನ್ನಾರಿಗೂ ತಿಳಿದಿರಲು ಸಾಧ್ಯವಿರಲಿಲ್ಲ. ಅಂದು ಕಡವಿಗೆ ಬಂದಿದ್ದವರಿಗಲ್ಲದೆ. ಹಾಗಾದರೆ ಅವರು ಬಂದಿದ್ದರು. ಮರದ ಹಿಂದೆ ನಿಂತು, ಅವಳು ಕಾಯುವುದನ್ನು ನೋಡಿದ್ದರು. ಬೆಳಕು ಬಿಳಿಯಾಗಿ, ಹಳದಿಯಾಗಿ, ಕೆಂಪಾಗುವವರೆಗೂ ನೋಡಿದ್ದರೋ, ನಡುವೆಯೇ ಹೊರಟುಹೋಗಿದ್ದರೋ. ಇಷ್ಟು ದೂರ ಬಂದದ್ದು ಅದನ್ನೇ ಹೇಳುವುದಕ್ಕೆ. ಹೇಳಲಾರದೆ ಮಲ್ಲಿಗೆಯವಳನ್ನೂ ದನಗಾಹಿಯನ್ನೂ ಕರೆತಂದದ್ದು ಅದಕ್ಕೇ. ಅವರ ತಲೆ ಎದೆಯ ಮೇಲೆ ಬಾಗಿತ್ತು. ಆ ಬಾಗಿದ ತಲೆಯೇ ಉತ್ತರವಾಗಿತ್ತು. ಉತ್ತರ ತಿಳಿಯಿತು, ಕತೆ ಮುಗಿಯಲಿಲ್ಲ. ಗೋಡೆಯಾಚೆಯ ದನಿ ಅದೇ ಎತ್ತರದಲ್ಲಿತ್ತು.

ಅಕ್ಕ ತಲೆಯೆತ್ತಿ ಬಾಗಿಲ ಕಡೆ ನೋಡಿದಳು. ನನ್ನ ಬೆರಳನ್ನು ನೋಡಿದಳು, ಆಮೇಲೆ ನನ್ನ ಪಾದಗಳನ್ನು. ಎರಡೂ ಪಾದ ಹೊಸ್ತಿಲ ಹೊರಗಿದ್ದವು. ಅದನ್ನು ನೋಡಿಕೊಂಡು, ಬೇಡವೆಂಬಂತೆ ತಲೆಯಾಡಿಸಿದಳು. ನಾನು ಬೆರಳಿಳಿಸಿದೆ.

‘ಇದರ ಕೊನೆ ನಾನು ಹೇಳಲಾ?’ ಎಂದು ಅವರನ್ನು ಕೇಳಿದಳು.

ಅವರು ತಲೆಯೆತ್ತದೆಯೇ ಹೇಳಿದರು: ‘ಹೂಂ.’

‘ಆ ಸೀರೆಯವಳು ಅವಳಲ್ಲ. ಯಾರೋ ದಾರಿಹೋಕಳು, ದೋಣಿಗೆ ಕಾದು ಕೂತಿದ್ದಳು, ಹೊರಟುಹೋದಳು.’

‘ಹೂಂ.’

‘ಅವನು ಮರದ ಹಿಂದಿನಿಂದ ಬಂದು ಕಲ್ಲಿನ ಹತ್ತಿರ ನಿಂತ. ಮಲ್ಲಿಗೆ ಹಿಡಕೊಂಡು ಬೈಗಿನವರೆಗೂ ಕಾದ.’

ಅವರು ಅಂಗವಸ್ತ್ರದಿಂದ ಮುಖ ಒರೆಸಿಕೊಂಡರು. ಅಕ್ಕ ಕಾದಳು. ಅವರ ಹೂಂ ಬಂತು.

‘ಅವಳು ಬರಲಿಲ್ಲ. ಹಿಂದಿನ ದಿನವೇ ಗೂಡಿಗೆ ಬೆಂಕಿ ಹಾಕಿದ್ದರು. ಉರಿಯೋ ಗೂಡು ಬಿಟ್ಟು ಸುಣ್ಣದ ಮನೆ ಹೆಣ್ಣು ಎಲ್ಲಿಗೆ ಹೋದಾಳು? ಹೇಳಿ ಕಳಿಸೋಣ ಅಂದರೆ ಯಾರೂ ಇರಲಿಲ್ಲ. ಅವನು ಹೂವನ್ನ ಹೊಳೆಗೆ ಬಿಟ್ಟು ಮನೆಗೆ ಹೋದ. ಅವರ ಪಾಡಿಗೆ ಅವರು ಚೆನ್ನಾಗಿದ್ದರು. ಕತೆ ಅಲ್ಲಿಗೆ ಮುಗೀತು.’

‘ಹೂಂ’ ಎಂದರು ತಿಮ್ಮರಸಯ್ಯನವರು.

ಚೌಕಟ್ಟಿನ ಕೊಕ್ಕೆ ನನ್ನ ಕಣ್ಣೆದುರೇ ಒಣಗಿ, ಬಿರಿದು, ಪುಡಿಯಾಗಿ ಉದುರಿತು. ಬೇವಿನೆಲೆ ನೆಲ ಮುಟ್ಟಿತು. ಲೋಟದ ಹಬೆ ಚೆದುರಿತು. ಹೊಸ್ತಿಲ ಬಿಸಿಲು ಚೊಂಬನ್ನು ಬಿಟ್ಟು ಮೆಲ್ಲನೆ ಹಿಂದೆ ಸರಿಯತೊಡಗಿತು. ಪಕ್ಕದ ಮನೆಯಲ್ಲಿ ಆ ಒಂದೇ ದನಿ ಏರಿತು, ಇಳಿಯಿತು, ಮತ್ತೆ ಏರಿತು. ಕಾಳಮ್ಮ ಸೆರಗು ಸಿಕ್ಕಿಸಿಕೊಂಡು ಓಡಿದಳು.

ಒಳಗೆ ಅವರಿಬ್ಬರೂ ಎಚ್ಚರಗೊಂಡವರಂತೆ ಒಬ್ಬರನ್ನೊಬ್ಬರು ನೋಡಿ ಮುಗುಳ್ನಕ್ಕರು. ಹಳೆಯ ವ್ಯವಹಾರದ ಪರಿಚಯದವರು ಎಲ್ಲಿಯೋ ಸಿಕ್ಕಾಗ ನಗುವಂಥ ನಗು. ಕಾಫಿ ಆರಿಹೋಯಿತೆಂದು ಅಕ್ಕ ಬೇರೆ ಮಾಡಲು ಎದ್ದಳು. ಅವರು ಬೇಡವೆಂದರೂ ಕೇಳದೆ ಮಾಡಿಕೊಟ್ಟಳು. ಸುಣ್ಣಕ್ಕೆ ಈಗ ಮೊದಲಿನಂತೆ ಗಿರಾಕಿ ಇದೆಯೇ ಎಂದು ಅವರು ಕೇಳಿದರು. ಹೊಳೆಯಲ್ಲಿ ಚಿಪ್ಪು ಕಡಿಮೆಯಾಗಿದೆ ಎಂದು ಅವಳು ಹೇಳಿದಳು. ಬಿಸಿಲು ಮೆಟ್ಟಿಲಿಳಿದು ಬೀದಿಗೆ ಹೋಗುವ ಹೊತ್ತಿಗೆ ಗೋಡೆಯಾಚೆ ಒಂದು ಎಳೆಯ ಅಳು ಕೇಳಿಸಿತು.

‘ದೇವೀರಕ್ಕಾ, ಹೆಣ್ಣುಕೂಸು’ ಎಂದು ಕಾಳಮ್ಮ ಹಿತ್ತಲ ಗೋಡೆಯ ಮೇಲಿನಿಂದ ಕೂಗಿ ಹೇಳಿದಳು. ‘ಮೆತ್ತನೆ ಹಳೇ ಸೀರೆ ಇದ್ರೆ ಕೊಡಿ. ನಮ್ಮವೆಲ್ಲ ಒಗೆಯೋಕ್ಕೆ ಬಿದ್ದವೆ.’

ಅಕ್ಕ ಒಳಗೆ ಹೋಗಿ ಪೆಟ್ಟಿಗೆ ತೆರೆದ ಸದ್ದಾಯಿತು. ಬಾಗಿಲಿಗೆ ಬಂದಾಗ ಅವಳ ತೋಳ ಮೇಲೆ ಅರಿಶಿನ ಬಣ್ಣದ ಸೀರೆಯಿತ್ತು. ಅಂಚನ್ನು ಬೆಳಕಿಗೆ ಹಿಡಿದು, ಉಗುರಿನಿಂದ ಕೆರೆದು ನೋಡುತ್ತಿದ್ದಳು.

‘ಇದು ನಂದೇನಾ ಲೋಕ? ಇಟ್ಟಿಟ್ಟೇ ಮೆತ್ತಗಾಗಿದೆ. ಉಟ್ಟ ಹಾಗೂ ಇಲ್ಲ, ಅಂಚಿಗೆ ನೋಡಿದರೆ ಹೊಳೆ ಕೆಸರು. ಎಲ್ಲಿ ಹತ್ತಿತೋ.’

ನನ್ನ ನಾಲಿಗೆಯ ತುದಿಗೆ ಒಂದು ಇಡೀ ಹಗಲು ಬಂದು ನಿಂತಿತು.

‘ನೆನಪಿಲ್ಲಕ್ಕ’ ಎಂದೆ.

‘ಮೇಷ್ಟ್ರಂತೆ ಮೇಷ್ಟ್ರು. ಮಕ್ಕಳಿಗೆ ಅದೇನು ಕಲಿಸಿದ್ಯೋ. ಹೋಗಲಿ, ಕೂಸಿನ ಕೆಳಗೆ ಹಾಸೋಕಾಯ್ತು. ಕೊಟ್ಟು ಬಾ.’ ಸೀರೆಯನ್ನು ಹೊಸ್ತಿಲಾಚೆಗೆ ಚಾಚಿ ನನ್ನ ಕೈಗಿತ್ತಳು.

ತಿಮ್ಮರಸಯ್ಯನವರು ಕೊಡೆ ಹಿಡಿದು ಎದ್ದಿದ್ದರು. ಬಂದಾಗ ಬಾಗಿದ್ದ ಬೆನ್ನು ಈಗ ನೆಟ್ಟಗಿತ್ತು. ಸಂಜೆಯ ದೋಣಿಯ ಶಂಖ ಹೊಳೆಯ ಕಡೆಯಿಂದ ಕೇಳಿಸಿತು. ಅವರು ಹೊಸ್ತಿಲ ಬಳಿ ಬಂದಾಗ ಅಕ್ಕ ಸೆರಗನ್ನು ಭುಜದ ಮೇಲೆ ಎಳೆದುಕೊಂಡು, ತುಸು ತಗ್ಗಿದ ದನಿಯಲ್ಲಿ ಹೇಳಿದಳು: ‘ಅವತ್ತು ನಿಮ್ಮನ್ನ ಬೈಗಿನವರೆಗೂ ಕಾಯಿಸಿಬಿಟ್ಟೆ. ಒಂದು ಮಾತು ಹೇಳಿ ಕಳಿಸೋಕೂ ಆಗಲಿಲ್ಲ. ಮನಸ್ಸಿನಲ್ಲಿ ಇಟ್ಟುಕೋಬೇಡಿ.’

‘ಬಿಡಿ ಅಮ್ಮ’ ಎಂದರು ಅವರು, ದೊಡ್ಡ ಮನಸ್ಸಿನಿಂದ. ‘ಉರಿಯೋ ಗೂಡು ಬಿಟ್ಟು ಬರೋಕಾಗುತ್ತಾ? ನಾನು ಅದನ್ನ ಅವತ್ತೇ ಮರೆತೆ.’

ಅಕ್ಕನ ಮುಖ ಹಗುರಾಯಿತು. ಬೆನ್ನ ಮೇಲಿನ ಭಾರವೊಂದನ್ನು ಅಲ್ಲಿಯೇ ಇಳಿಸಿದವಳಂತೆ ಉಸಿರು ಬಿಟ್ಟಳು. ಅವಳಿಗೆ ಈಗ ಆ ಹಗಲಿನ ನೆನಪೆಂದರೆ ಗೂಡಿನ ಬೆಂಕಿ, ಕಣ್ಣಿಗೆ ತುಂಬಿದ ಹೊಗೆ, ಅಷ್ಟೆ. ಕಡವು, ಚಪ್ಪಡಿಕಲ್ಲು, ನೀರಿನ ಮೇಲೆ ಬೂದಿಯಾದ ಬೆಳಕು, ‘ನಡಿ’ ಎಂಬ ಆ ಒಂದು ಮಾತು, ಎಲ್ಲವೂ ಜಗುಲಿಯ ಮೇಲೆ ನನ್ನ ಹತ್ತಿರ ಉಳಿದಿದ್ದವು.

ಅವರು ಹೊಸ್ತಿಲು ದಾಟಿ ಚಪ್ಪಲಿ ಮೆಟ್ಟಿದರು. ನನ್ನ ತೋಳಿನ ಮೇಲಿದ್ದ ಸೀರೆಯನ್ನು ಒಂದು ಕ್ಷಣ ನೋಡಿದರು. ಅವರ ಕಣ್ಣಿನಲ್ಲಿ ಏನೂ ಕದಲಲಿಲ್ಲ. ಆಮೇಲೆ ನನ್ನ ಹತ್ತಿರ ಬಾಗಿ, ಅಕ್ಕನಿಗೆ ಕೇಳಿಸದಷ್ಟು ಮೆಲ್ಲಗೆ ಹೇಳಿದರು: ‘ಬರ್ತೀನಿ ಮೇಷ್ಟ್ರೇ. ನಿಮ್ಮಕ್ಕ ಇನ್ನೂ ಅದನ್ನೇ ಹಚ್ಚಿಕೊಂಡಿದಾರೆ, ಪಾಪ. ಬರಲಿಲ್ಲ ಅಂತ ಎತ್ತಿ ಆಡಿ ಅವರನ್ನ ನೋಯಿಸಬೇಡಿ.’

‘ಇಲ್ಲ’ ಎಂದೆ. ಕೆಸರಿನಂಚನ್ನು ಒಳಗೆ ಮಾಡಿ ಸೀರೆಯನ್ನು ಮಡಿಚಿಕೊಂಡೆ.

ಅವರು ಮೆಟ್ಟಿಲಿಳಿದು ಹೊಳೆಯ ದಾರಿಗೆ ತಿರುಗಿದರು. ಅಕ್ಕನ ಸುಣ್ಣದ ಬೆರಳುಗಳು ಕದದ ಅಂಚನ್ನು ಹಿಡಿದುಕೊಂಡವು, ಅವರ ಹಿಂದೆ ಬಾಗಿಲು ಮುಚ್ಚಿಕೊಂಡಿತು.